ಒಂದು ಹಸು, ಮೂರು ತಾಲ್ಲೂಕು

ಆ ದೇಶದ ಹೆಸರನ್ನು ನಾನು ಹೇಳುವುದಿಲ್ಲ. ಹೇಳಿದರೆ ಅದಕ್ಕೂ ಒಂದು ಮರ್ಯಾದೆ ಕೊಟ್ಟಂತಾಗುತ್ತದೆ. ಅರ್ಧ ವರ್ಷ ಹಿಮ ಬೀಳುವ, ಬೀದಿಯಲ್ಲಿ ಕಾಗದದ ಚೂರೂ ಕಾಣದ, ಬಡವರನ್ನು ಕಂಡರೆ ಕರುಳು ಚುರ್ ಅನ್ನುವ ಒಂದು ದೇಶ ಅಂತ ಇಟ್ಟುಕೊಳ್ಳಿ. ತೊಂಬತ್ತೆರಡನೇ ಇಸವಿಯಲ್ಲಿ ಆ ದೇಶದ ಸರ್ಕಾರ ನಮ್ಮ ಸರ್ಕಾರಕ್ಕೆ ಸ್ನೇಹದ ಗುರುತು ಅಂತ ಹಸು ಕೊಟ್ಟಿತು. ಕಪ್ಪು ಬಿಳುಪಿನ ಕಡಸುಗಳು ವಿಮಾನದಲ್ಲಿ ಬಂದಿಳಿದವು. ಕೆ.ಆರ್. ಪೇಟೆ, ಪಾಂಡವಪುರ, ನಾಗಮಂಗಲ, ಮೂರು ತಾಲ್ಲೂಕಿಗೂ ಹಂಚಿದರು. ಹಂಚುವ ದಿನ ಶಾಮಿಯಾನವೇನು, ಮೈಕೇನು, ಏಲಕ್ಕಿ ಹಾರವೇನು! ಹಂಚಿದ ಮೇಲೆ ಮಾತ್ರ ಒಬ್ಬ ನರಪಿಳ್ಳೆಯೂ ಅವುಗಳ ಕಡೆ ತಿರುಗಿ ನೋಡಲಿಲ್ಲ.

ಹಿಮದಲ್ಲಿ ಹುಟ್ಟಿದ ಪ್ರಾಣಿಗೆ ನಮ್ಮ ಏಪ್ರಿಲ್ ಬಿಸಿಲು ಅಂದರೆ ಏನು ಅಂತ ಕೊಟ್ಟವರೂ ಯೋಚಿಸಲಿಲ್ಲ, ತೆಗೆದುಕೊಂಡವರೂ ಯೋಚಿಸಲಿಲ್ಲ. ಉಣ್ಣೆ ಕಚ್ಚಿತು, ಜ್ವರ ಬಂತು, ನಾಲಿಗೆ ಹೊರಗೆ ಚಾಚಿಕೊಂಡು ಒಂದೊಂದೇ ಸತ್ತವು. ಪಾಂಡವಪುರದ ಪೈಕಿ ತೊಣ್ಣೂರಿನ ಕಡೆಯವು ಮೊದಲ ಬೇಸಿಗೆಯಲ್ಲೇ ಹೋದವು. ನಾಗಮಂಗಲದ ಪೈಕಿ ದೇವಲಾಪುರದ ಕಡೆ ಜನರಿಗೇ ನೀರಿಲ್ಲ, ಇನ್ನು ಹಸುವಿನ ಮೈಗೆ ಯಾರು ಸುರಿಯುತ್ತಾರೆ? ಅಲ್ಲಿಯವೂ ಹೋದವು. ಎರಡು ವರ್ಷ ಕಳೆಯುವಷ್ಟರಲ್ಲಿ ಮೂರು ತಾಲ್ಲೂಕಿಗೂ ಸೇರಿ ಉಳಿದದ್ದು ಒಂದೇ ಒಂದು. ಅದು ಕೆ.ಆರ್. ಪೇಟೆ ತಾಲ್ಲೂಕಿನ ನಮ್ಮ ಅಕ್ಕಿಹೆಬ್ಬಾಳಿನ ಮಾಯಮ್ಮನ ಹಸು.

ಊರಿನವರು ಅದಕ್ಕೆ ದೊರೆಸಾನಿ ಅಂತ ಹೆಸರಿಟ್ಟಿದ್ದರು. ಮಾಯಮ್ಮ ಅದನ್ನು ಹೇಗೆ ಉಳಿಸಿಕೊಂಡಳು ಅನ್ನುವುದನ್ನು ನಾನು ಕಣ್ಣಾರೆ ನೋಡಿದ್ದೇನೆ. ಹೈಸ್ಕೂಲಿಗೆ ಹೋಗುವ ದಾರಿಯಲ್ಲೇ ಅವಳ ಮನೆ. ಬೇಸಿಗೆಯಲ್ಲಿ ಹೇಮಾವತಿಯಿಂದ ಕೊಡ ಕೊಡ ನೀರು ಹೊತ್ತು ತಂದು ಗೋಣಿತಾಟು ನೆನೆಸಿ ಅದರ ಬೆನ್ನ ಮೇಲೆ ಹೊದಿಸುವಳು. ಗಂಡ ಬೋರಯ್ಯ, "ನಂಗೆ ಒಂದ್ ಚೊಂಬು ನೀರ್ ಕಾಯ್ಸೋಕೆ ಇವ್ಳಿಗೆ ಪುರುಸೊತ್ತಿಲ್ಲ, ಆ ಬಿಳೀ ಮೂತಿಗೆ ದಿನಾ ಅಭಿಷೇಕ" ಅಂತ ಬೈಯುವನು. ಬೈದುಕೊಂಡೇ ತಾನೂ ಒಂದು ಕೊಡ ತರುವನು.

ತೊಂಬತ್ತನಾಲ್ಕರ ಏಪ್ರಿಲ್ ಹೊತ್ತಿಗೆ ದೊರೆಸಾನಿ ತುಂಬುಗಬ್ಬ. ಚೊಚ್ಚಲು ಬೇರೆ. ಮಾಯಮ್ಮನ ಬಾಯಲ್ಲಿ ಅದೊಂದೇ ಮಾತು.

"ಎಣ್ಗರು ಆಕ್ಲಿ ಮೇಷ್ಟ್ರೇ, ಅಷ್ಟೇ ಸಾಕು. ಇವ್ಳು ಎಲ್ಲಿಂದ್ಲೋ ಬಂದೋಳು, ಬಿಸ್ಲು ತಡೀದೆ ಒದ್ದಾಡ್ತಾವ್ಳೆ. ಕರು ನಮ್ ಮಣ್ಣಲ್ಲಿ ಉಟ್ಟಿದ್ದಾದ್ರೆ ನಮ್ ಬಿಸ್ಲು ತಡ್ಕತದೆ. ಅದೊಂದ್ ಉಳೀತು ಅಂದ್ರೆ ಇವ್ಳು ಅಷ್ಟ್ ದೂರದಿಂದ ಬಂದಿದ್ದೂ ಸಾರ್ಥಕ ಆಯ್ತದೆ."

ನಾನು ಜಯರಾಮಯ್ಯ, ಅಲ್ಲಿನ ಹೈಸ್ಕೂಲಿನಲ್ಲಿ ಇಂಗ್ಲಿಷ್ ಮೇಷ್ಟ್ರಾಗಿದ್ದವನು. ನಿಮಗೆ ಕೋಪ ಮೂಗಿನ ತುದಿಯಲ್ಲೇ ಇದೆ ಅಂತ ನನ್ನ ಹೆಂಡತಿ ರುಕ್ಮಿಣಮ್ಮ ಮದುವೆಯಾದ ವಾರದಿಂದ ಹೇಳುತ್ತಿದ್ದಾಳೆ. ಇರಲಿ ಬಿಡಿ. ಕೋಪ ಬರಬೇಕಾದ ಕಡೆ ಬರದೇ ಹೋದರೆ ಅದು ಇದ್ದೂ ಏನು ಪ್ರಯೋಜನ?

ಆ ಏಪ್ರಿಲ್‌ನಲ್ಲಿ ಯೋಜನಾಧಿಕಾರಿ ರಘುನಂದನ್ ಅನ್ನುವ ಮನುಷ್ಯ ನಮ್ಮ ಶಾಲೆಗೆ ಬಂದ. ಇಸ್ತ್ರಿ ಮಾಡಿದ ಸಫಾರಿ, ಜೇಬಿನಲ್ಲಿ ಎರಡು ಪೆನ್ನು, ಮಾತೆತ್ತಿದರೆ ನಗು. ದಿಲ್ಲಿಯಲ್ಲಿರುವ ಆ ದೇಶದ ರಾಯಭಾರ ಕಚೇರಿಯಿಂದ ಒಬ್ಬ ಮೇಡಂ ಬರುತ್ತಾರೆ, ಮೂರು ತಾಲ್ಲೂಕಿನಲ್ಲೂ ಹಸು ನೋಡುತ್ತಾರೆ, ಸಾಯಂಕಾಲ ಶ್ರೀರಂಗಪಟ್ಟಣದಲ್ಲಿ ಸನ್ಮಾನ, ಮಾತು ತರ್ಜುಮೆ ಮಾಡಲು ನೀವು ಬರಬೇಕು ಅಂದ.

"ಮೂರು ತಾಲ್ಲೂಕಿನಲ್ಲಿ ಹಸು ಎಲ್ಲಿವೆ ಸ್ವಾಮಿ? ಎಲ್ಲಾ ಸತ್ತು ಗೊಬ್ಬರವಾಗಿವೆ" ಅಂದೆ.

"ಎಲ್ಲಾ ವ್ಯವಸ್ಥೆ ಆಗಿದೆ ಮೇಷ್ಟ್ರೇ, ನೀವು ಬರೀ ಮಾತು ನೋಡಿಕೊಳ್ಳಿ" ಅಂದು ನಕ್ಕ. ಬೇರೆ ಕಡೆಯಿಂದ ಯಾವುದೋ ಸೀಮೆಹಸು ತಂದು ನಿಲ್ಲಿಸುತ್ತಾರೆ ಅಂದುಕೊಂಡೆ. ಅಷ್ಟಾದರೂ ಮಾಡಿದ್ದರೆ ಆಗುತ್ತಿತ್ತು, ದರಿದ್ರಗಳು ಅದನ್ನೂ ಮಾಡಲಿಲ್ಲ.

ಮೇಡಂ ಬಂದದ್ದು ಬೆಳಗಿನ ಹೊತ್ತು. ಎತ್ತರದ ಹೆಂಗಸು, ನರೆತ ಕೂದಲನ್ನು ಗಂಡಸರಂತೆ ಕತ್ತರಿಸಿದ್ದರು. ಕೊಟ್ಟಿಗೆಗೆ ಬಂದವರೇ ಚಪ್ಪಲಿ ಬಿಟ್ಟು ಸಗಣಿ ಮೇಲೆಯೇ ನಡೆದು ಹೋಗಿ ದೊರೆಸಾನಿಯ ಕುತ್ತಿಗೆ ತುರಿಸಿದರು. ನನಗೆ ಆಗ ಅವರ ಮೇಲೆ ಗೌರವವೇ ಬಂತು, ಸುಳ್ಳೇಕೆ ಹೇಳಲಿ.

ಮಾಯಮ್ಮ ಹೇಳಿದಳು: "ಮೇಷ್ಟ್ರೇ, ಆಯಮ್ಮಂಗೆ ಏಳಿ. ದಿನ ತುಂಬೈತೆ, ಕೆಚ್ಚಲು ಇಳ್ದೈತೆ. ಇವತ್ತೋ ನಾಳೆಯೋ ಅಂತ ಐತೆ. ಒಟ್ಟೆ ನೋಡಿದ್ರೆ ಕರು ದೊಡ್ಡದಿದ್ದಂಗೈತೆ. ಒಬ್ರು ಡಾಕ್ಟ್ರು ಪಕ್ಕದಲ್ಲಿದ್ರೆ ನಂಗೆ ಧೈರ್ಯ."

ನಾನು ಹೇಳಿದೆ. ಮೇಡಂ ರಘುನಂದನನ ಕಡೆ ತಿರುಗಿದರು. ಆತ ಎದೆಯ ಮೇಲೆ ಕೈಯಿಟ್ಟು, "ಖಂಡಿತ, ಈ ದಿನವೇ" ಅಂದ. ಮೇಡಂ ಸಮಾಧಾನದಿಂದ ತಲೆಯಾಡಿಸಿ ಫೋಟೋ ತೆಗೆಸಿಕೊಂಡರು. ನಾವು ಕಾರು ಜೀಪು ಹತ್ತಿ ಹೊರಟೆವು.

ನಾವು ಹೊರಟ ಮೇಲೆ ನಡೆದದ್ದು ನನಗೆ ಆಮೇಲೆ ಗೊತ್ತಾಯಿತು. ರಘುನಂದನನ ಕಡೆಯವರು ಒಂದು ಲಾರಿ ತಂದು ಮನೆ ಮುಂದೆ ನಿಲ್ಲಿಸಿದರು. ಪಾಂಡವಪುರದ ಆಸ್ಪತ್ರೆಗೆ ಮೈಸೂರಿನಿಂದ ದೊಡ್ಡ ಡಾಕ್ಟರು ಬಂದಿದ್ದಾರೆ, ಹಸುವನ್ನು ಅಲ್ಲಿಗೇ ಕರೆದುಕೊಂಡು ಹೋಗೋಣ, ಸಾಹೇಬರ ಆರ್ಡರು ಅಂದರು. ತುಂಬುಗಬ್ಬದ ಹಸುವನ್ನು ಯಾರಾದರೂ ಲಾರಿ ಹತ್ತಿಸುತ್ತಾರೆಯೇ? ಮಾಯಮ್ಮ ಅದನ್ನೇ ಕೇಳಿದಳಂತೆ. ಬೋರಯ್ಯ, "ಅಷ್ಟ್ ದೊಡ್ ಡಾಕ್ಟ್ರು ನಮ್ ಮನೆ ಬಾಗ್ಲಿಗೆ ಬಂದಾರೇನೇ? ಓಗು, ಜೊತೇಲಿ ನೀನೂ ಓಗು" ಅಂದನಂತೆ. ಕೊಟ್ಟಿಗೆಯ ಹುಲ್ಲನ್ನೆಲ್ಲ ಲಾರಿಗೆ ಹಾಸಿ, ಹಸುವಿನ ಕೊರಳು ತಬ್ಬಿಕೊಂಡು ನಿಂತೇ ಹೊರಟಳು ಆ ಹೆಂಗಸು.

ಇತ್ತ ನಾವು ದಾರಿಯಲ್ಲಿ ಎಳನೀರು ಕುಡಿದು, ತೊಣ್ಣೂರು ಕೆರೆ ನೋಡಿ, ದೇವಸ್ಥಾನ ಸುತ್ತಿ, ರಘುನಂದನ್ ಬೇಕೆಂದೇ ಹೊತ್ತು ಕಳೆಸಿದ. ನೆತ್ತಿ ಸುಡುವ ಹೊತ್ತಿಗೆ ಒಂದು ತೋಟಕ್ಕೆ ಕರೆದುಕೊಂಡು ಹೋದರು. ಬೇವಿನ ಮರದ ಕೆಳಗೆ ಒಂದು ಹಸು, ಬೆನ್ನಿನ ಮೇಲೆ ಕೆಂಪು ಜಮಖಾನ. ಪಕ್ಕದಲ್ಲಿ ಹಸಿರು ಸೀರೆಯ ಹೆಂಗಸು, ಸೆರಗು ಹಣೆಯ ತನಕ ಎಳೆದುಕೊಂಡು ನಿಂತಿದ್ದಳು.

"ಇವರು ತೊಣ್ಣೂರಿನ ಫಲಾನುಭವಿ" ಅಂದ ರಘುನಂದನ್.

ಹೆಂಗಸು ತಲೆಯೆತ್ತಿದಳು. ಮಾಯಮ್ಮ!

ನನಗೆ ಮೈಯೆಲ್ಲ ಉರಿದುಹೋಯಿತು. ರಘುನಂದನನ ತೋಳು ಹಿಡಿದು ಬೇಲಿಯ ಪಕ್ಕಕ್ಕೆ ಎಳೆದೆ.

"ಏನ್ರೀ ಇದು? ನಾಚಿಕೆ ಆಗಲ್ವೇನ್ರೀ ನಿಮಗೆ?"

"ಮೆಲ್ಲಗೆ ಮಾತಾಡಿ ಸಾರ್. ಸಣ್ಣ ಅಡ್ಜಸ್ಟ್‌ಮೆಂಟು ಅಷ್ಟೇ. ಹಸುಗಳೆಲ್ಲ ಸತ್ತವು ಅಂತ ಅವರ ದೇಶಕ್ಕೆ ಗೊತ್ತಾದರೆ ಯೋಜನೆಯೇ ನಿಂತುಹೋಗುತ್ತೆ. ಆಯಮ್ಮ ಇಲ್ಲದೆ ಹಸು ಯಾರನ್ನೂ ಹತ್ತಿರ ಸೇರಿಸಲ್ಲ, ಒದೆಯುತ್ತೆ. ಅದಕ್ಕೆ ಅವಳನ್ನೂ ನಿಲ್ಲಿಸಿದೆವು. ಅವರಿಗೆ ನಮ್ಮ ಹೆಂಗಸರೆಲ್ಲ ಒಂದೇ ಥರ ಕಾಣ್ತಾರೆ ಬಿಡಿ, ಹಸುಗಳೂ ಅಷ್ಟೇ."

"ಅದರ ದಿನ ತುಂಬಿದೆ ಕಣ್ರೀ!"

"ಬೆಳಿಗ್ಗೆ ತಾನೇ ನೋಡಿದ್ವಲ್ಲ, ಗಟ್ಟಿಯಾಗಿದೆ."

ನಾನು ಸೀದಾ ಮೇಡಂ ಕಡೆ ಹೆಜ್ಜೆ ಹಾಕಿದೆ. ಇದ್ದದ್ದು ಇದ್ದ ಹಾಗೆ ಹೇಳಿಬಿಡುವುದು ಅಂತ. ಅಷ್ಟರಲ್ಲಿ ಮಾಯಮ್ಮನೇ ತಡೆದಳು. ಹಸುವಿನ ಕೊರಳ ಕೆಳಗಿನ ಗಂಗೆದೊಗಲು ನೀವುತ್ತಾ, ನನ್ನ ಮುಖ ನೋಡದೆಯೇ ಹೇಳಿದಳು.

"ಸುಮ್ಕಿರಿ ಮೇಷ್ಟ್ರೇ, ನಿಮ್ ದಮ್ಮಯ್ಯ. ಪಾಂಡವಪುರದಲ್ಲಿ ಡಾಕ್ಟ್ರು ಅವ್ರೆ ಅಂದ್ರು, ಇರ್ನಿಲ್ಲ. ದೇವಲಾಪುರಕ್ಕೆ ಓಗವ್ರಂತೆ, ಅಲ್ಲಿ ನೋಡ್ತಾರಂತೆ. ಈಗ ನೀವು ಗಲಾಟೆ ಮಾಡಿದ್ರೆ ಇವ್ರು ಲಾರಿ ತಕ್ಕೊಂಡು ಒಂಟೋಯ್ತಾರೆ. ಈ ಬಿಸ್ಲಲ್ಲಿ ನಾನಿವ್ಳನ್ನ ಊರ್ಗೆ ನಡೆಸ್ಕೊಂಡು ಓಗಾಕಾಯ್ತದಾ?"

ನಾನು ಹಿಂದಕ್ಕೆ ಸರಿದೆ. ಮೇಡಂ ಹಸುವಿನ ಸುತ್ತ ಒಂದು ಸುತ್ತು ಬಂದರು. ಜಮಖಾನದ ಅಂಚನ್ನು ಸ್ವಲ್ಪ ಎತ್ತಿ ನೋಡಿ ಮತ್ತೆ ಇಳಿಬಿಟ್ಟರು. ಮಾಯಮ್ಮನಿಗೆ ಎಷ್ಟು ಮಕ್ಕಳು ಅಂತ ಕೇಳಿದರು. ಬೆಳಿಗ್ಗೆಯೂ ಇದೇ ಪ್ರಶ್ನೆ ಕೇಳಿದ್ದರು. ಮಾಯಮ್ಮ ಬೆಳಗಿನ ಉತ್ತರವನ್ನೇ ಕೊಟ್ಟಳು, ನಾನು ಬೆಳಗಿನ ಮಾತುಗಳಲ್ಲೇ ಅದನ್ನು ಇಂಗ್ಲಿಷಿಗೆ ತಿರುಗಿಸಿದೆ.

ಊಟದ ನೆಪದಲ್ಲಿ ನಮ್ಮನ್ನು ತಡೆದು ಲಾರಿಯನ್ನು ಮೊದಲು ಬಿಟ್ಟರು. ದೇವಲಾಪುರದ ಕಡೆಯ ದಾರಿ ಹೇಗಿತ್ತು ಅಂತ ಆಗ ಓಡಾಡಿದವರಿಗೆ ಗೊತ್ತು. ಜೀಪಿನಲ್ಲಿ ಕೂತ ನನಗೇ ಸೊಂಟ ಹಿಡಿದುಕೊಂಡಿತು. ಲಾರಿಯಲ್ಲಿ ನಿಂತ ಆ ಬಸುರಿ ಪ್ರಾಣಿಯ ಗತಿ ಏನಾಗಿರಬೇಡ? ರಘುನಂದನ್ ದಾರಿಯುದ್ದಕ್ಕೂ ಸನ್ಮಾನಕ್ಕೆ ತರಿಸಿದ ಮೈಸೂರು ಪೇಟದ ವಿಷಯ ಮಾತಾಡುತ್ತಿದ್ದ. ಪೇಟ ಮೇಡಂ ತಲೆಗೆ ಸರಿಹೊಂದುತ್ತದೋ ಇಲ್ಲವೋ ಅಂತ ಅವನಿಗೆ ಚಿಂತೆ.

ದೇವಲಾಪುರದ ಹತ್ತಿರ ರಸ್ತೆ ಪಕ್ಕದ ಒಂದು ಹೊಂಗೆ ಮರದಡಿ ಊರಿನ ನಾಲ್ಕು ಜನ ಸೇರಿದ್ದರು. ನಾವು ಇಳಿದಾಗ ದೊರೆಸಾನಿಯ ಹಣೆಯ ಮೇಲಿನ ಬಿಳಿ ಮಚ್ಚೆ ಕಾಣಲಿಲ್ಲ. ಗಾಡಿಯ ಕರೀ ಕೀಲೆಣ್ಣೆ ತೆಗೆದು ಮೆತ್ತಿದ್ದರು. ಬಿಸಿಲಿಗೆ ಅದು ಕರಗಿ ಕಣ್ಣಿನೊಳಕ್ಕೆ ಇಳಿಯುತ್ತಿತ್ತು. ಮಾಯಮ್ಮ ಈಗ ಕಂದು ಬಣ್ಣದ ಸೀರೆಯಲ್ಲಿದ್ದಳು. ಸೆರಗಿನಿಂದ ಹಸುವಿನ ಕಣ್ಣು ಒರೆಸುತ್ತಾ ಅಳುತ್ತಿದ್ದಳು.

"ಡಾಕ್ಟ್ರು ಇಲ್ಲೂ ಇಲ್ಲ ಮೇಷ್ಟ್ರೇ. ನೀರ್ಚೀಲ ಕಾಣುಸ್ಕೋತಾ ಐತೆ. ನೋವು ತಿಂತಾವ್ಳೆ. ನಂಗೆ ಯಾವ ಸೀರೆನೂ ಬ್ಯಾಡ, ಫೋಟೋನೂ ಬ್ಯಾಡ. ಡಾಕ್ಟ್ರು ಎಲ್ಲವ್ರೆ ಅಂತ ಕೇಳಿ!"

ಊರಿನ ಹಿರಿಯ ಕುಳ್ಳಯ್ಯ ಅನ್ನುವವನು ಪಕ್ಕದಿಂದ ಹೇಳಿದ: "ಎಲ್ಲಿರ್ತಾರೆ? ಮೂರ್ ತಾಲ್ಲೂಕಿನ ದನದ್ ಡಾಕ್ಟ್ರನ್ನೂ ಬೆಳಿಗ್ಗೆಯೇ ಸೀರಂಗಪಟ್ಣಕ್ಕೆ ಕರ್ಕೊಂಡೋಗವ್ರೆ. ಸನ್ಮಾನದ್ ಮನೇಲಿ ಸಾಲಾಗಿ ನಿಂತ್ಕೊಳ್ಳಾಕೆ ಜನ ಬೇಕಂತೆ."

ಅಷ್ಟು ಕೇಳಿದ್ದೇ ನನ್ನ ತಡೆ ಕಿತ್ತುಹೋಯಿತು. ಮೇಡಂ ಮುಂದೆ ಹೋಗಿ ನಿಂತೆ. ಮೂವತ್ತು ವರ್ಷ ಮಕ್ಕಳಿಗೆ ಇಂಗ್ಲಿಷ್ ಕಲಿಸಿದವನು ನಾನು, ಆ ದಿನ ಮಾತಾಡಿದಷ್ಟು ಇಂಗ್ಲಿಷನ್ನು ಜನ್ಮದಲ್ಲಿ ಮಾತಾಡಿರಲಿಲ್ಲ. ಇದು ಬೆಳಿಗ್ಗೆ ನೋಡಿದ ಹಸುವೇ, ಇವಳು ಬೆಳಿಗ್ಗೆ ನೋಡಿದ ಮಾಯಮ್ಮನೇ, ನೀವು ಕೊಟ್ಟ ಉಳಿದ ಹಸುಗಳೆಲ್ಲ ಸತ್ತುಹೋಗಿವೆ, ನಿಮಗೆ ಮೋಸ ಮಾಡುತ್ತಿದ್ದಾರೆ ಅಂತ ಕೂಗಿದೆ. ರಘುನಂದನನ ಮುಖದ ನಗು ಇಳಿದುಹೋಯಿತು.

ಮೇಡಂ ನನ್ನನ್ನು ಪಕ್ಕಕ್ಕೆ ಕರೆದರು. ಆಮೇಲೆ ಮೆಲುದನಿಯಲ್ಲಿ ಹೇಳಿದರು.

"ನಾನು ಹಸು ಸಾಕುವ ಮನೆಯಲ್ಲಿ ಹುಟ್ಟಿದವಳು. ಒಂದು ಹಸುವಿನ ಮಚ್ಚೆ ಇನ್ನೊಂದಕ್ಕೆ ಇರುವುದಿಲ್ಲ. ಆ ತೋಟದಲ್ಲೇ ನನಗೆ ಗೊತ್ತಾಯಿತು."

ಗೊತ್ತಿದ್ದೂ ಯಾಕೆ ಸುಮ್ಮನಿದ್ದೀರಿ ಅಂತ ಕೇಳಿದೆ.

"ಮುಂದಿನ ತಿಂಗಳು ನಮ್ಮ ಸಂಸತ್ತಿನಲ್ಲಿ ಈ ನೆರವಿನ ಮೇಲೆ ಮತ ಹಾಕುತ್ತಾರೆ. ಹಸುಗಳು ಸತ್ತವು ಅಂತ ನಾನು ವರದಿ ಮಾಡಿದರೆ ನೆರವೆಲ್ಲ ನಿಂತುಹೋಗುತ್ತದೆ. ದಿಲ್ಲಿಯಲ್ಲಿ ನಮ್ಮ ವಿಭಾಗವನ್ನೂ ಮುಚ್ಚುತ್ತಾರೆ. ನಿಮ್ಮ ಸರ್ಕಾರಕ್ಕೂ ಇದು ಗೊತ್ತು. ಎರಡು ದೇಶಗಳ ಸಂಬಂಧ ಅನ್ನುವುದು ಒಂದು ಹಸುವಿಗಿಂತ ದೊಡ್ಡದು. ದಯವಿಟ್ಟು ನೀವು ತರ್ಜುಮೆ ಮಾತ್ರ ಮಾಡಿ."

ಕೇಳಿದಿರಾ! ಮೋಸ ಮಾಡುವವರಿಗೂ ಗೊತ್ತು, ಮೋಸ ಹೋಗುವವರಿಗೂ ಗೊತ್ತು. ಇಬ್ಬರೂ ಸೇರಿ ಒಬ್ಬರ ಬೆನ್ನು ಒಬ್ಬರು ತಟ್ಟಿಕೊಂಡು ಆಡುವ ಆಟ ಇದು. ಗೊತ್ತಿಲ್ಲದೆ ಮಧ್ಯೆ ಸಿಕ್ಕಿಕೊಂಡವರು ಅಂದರೆ ಆ ಹಸು ಮತ್ತು ಅದರ ಕೊರಳಿಗೆ ಜೋತುಬಿದ್ದ ಆ ಹೆಂಗಸು.

"ಆಯಿತು, ನಿಮ್ಮ ಸಂಬಂಧ ನೀವೇ ಇಟ್ಟುಕೊಳ್ಳಿ. ಒಬ್ಬ ಡಾಕ್ಟರನ್ನಾದರೂ ಕರೆಸಿ" ಅಂದೆ.

ಮೇಡಂ ಹಸುವಿನ ಹತ್ತಿರ ಹೋದರು. ಹೊಟ್ಟೆಯ ಪಕ್ಕಕ್ಕೆ ಅಂಗೈ ಒತ್ತಿ ಹಿಡಿದರು. ಬಾಲದ ಬುಡ ನೋಡಿದರು. ಅವರ ಮುಖ ಒಂದು ಗಳಿಗೆ ಬೇರೆಯೇ ಆಯಿತು, ಯಾವುದೋ ಕೊಟ್ಟಿಗೆಯ ಹುಡುಗಿಯ ಮುಖ. "ಶುರುವಾಗಿದೆ" ಅಂದರು. "ಕರು ತಿರುಗಿದೆಯೇನೋ." ಆಮೇಲೆ ಕೈ ಒರೆಸಿಕೊಂಡು, ಗಡಿಯಾರ ನೋಡಿಕೊಂಡು, ಬೇಗ ಡಾಕ್ಟರನ್ನು ಕಳಿಸಿ ಅಂತ ರಘುನಂದನನಿಗೆ ಹೇಳಿ ಕಾರು ಹತ್ತಿದರು. ಗೊತ್ತಿದ್ದೂ ಹತ್ತಿದರು. ಗೊತ್ತಿಲ್ಲದವರು ಹೋಗಿದ್ದರೆ ನನಗೆ ಇಷ್ಟು ಹೊಟ್ಟೆ ಉರಿಯುತ್ತಿರಲಿಲ್ಲ.

ನಾನು ರಘುನಂದನನ ಜೀಪಿಗೇ ಹಾರಿ ಕೂತೆ. ಡಾಕ್ಟರುಗಳಿದ್ದದ್ದು ಶ್ರೀರಂಗಪಟ್ಟಣದಲ್ಲಿ, ಹೋಗಲು ಬೇರೆ ಗಾಡಿ ಇರಲಿಲ್ಲ. ಹೊರಡುವಾಗ ದೊರೆಸಾನಿ ನೆಲಕ್ಕೆ ಕುಸಿದಿದ್ದಳು. ಮಾಯಮ್ಮ ಅವಳ ತಲೆಯನ್ನು ತೊಡೆಯ ಮೇಲೆ ಇಟ್ಟುಕೊಂಡಿದ್ದಳು. ಲಾರಿ ಡ್ರೈವರ್ ಚಲುವಯ್ಯ ಕೊಡ ಹಿಡಿದು ನೀರಿಗೆ ಓಡುತ್ತಿದ್ದ.

ಶ್ರೀರಂಗಪಟ್ಟಣದಲ್ಲಿ ಕಾವೇರಿ ದಂಡೆಯ ಒಂದು ಛತ್ರದಲ್ಲಿ ಸನ್ಮಾನ. ಬಾಗಿಲಿಗೆ ಬಾಳೆಕಂಬ, ಓಲಗ, ಎರಡು ದೇಶಗಳ ಬಾವುಟ. ಮೂರು ತಾಲ್ಲೂಕಿನ ದನದ ಡಾಕ್ಟರುಗಳೆಲ್ಲ ಎದೆಗೆ ರಿಬ್ಬನ್ ಹೂವು ಚುಚ್ಚಿಕೊಂಡು ಗೋಡೆಗೆ ಸಾಲಾಗಿ ನಿಂತಿದ್ದರು. ಅವರಲ್ಲಿ ನಾಗಮಂಗಲದ ಚಿಕ್ಕಸ್ವಾಮಿ ನನ್ನ ಹಳೆಯ ವಿದ್ಯಾರ್ಥಿ. ಸೀದಾ ಹೋಗಿ ಅವನ ತೋಳು ಹಿಡಿದೆ.

"ಬಾರೋ ಚಿಕ್ಕಸ್ವಾಮಿ, ದೇವಲಾಪುರದಲ್ಲಿ ಹಸು ನರಳ್ತಾ ಇದೆ. ಕರು ತಿರುಗಿದೆ."

ಅವನು ವೇದಿಕೆಯ ಕಡೆ ಕಣ್ಣು ಹಾಯಿಸಿದ. "ಸಾರ್, ಭಾಷಣ ಮುಗಿಯೋವರೆಗೂ ಯಾರೂ ಅಲ್ಲಾಡಬಾರದು ಅಂತ ರಘುನಂದನ್ ಸಾಹೇಬರು ಹೇಳವ್ರೆ. ಸಸ್ಪೆಂಡ್ ಮಾಡ್ತೀನಿ ಅಂದವ್ರೆ ಸಾರ್."

ವೇದಿಕೆಯ ಮೇಲೆ ಮೇಡಂ ಮೈಸೂರು ಪೇಟ ಇಟ್ಟುಕೊಂಡು ನಿಂತಿದ್ದರು. ಪೇಟ ಸರಿಯಾಗಿಯೇ ಕೂತಿತ್ತು. ಮೈಕಿನಲ್ಲಿ ಅವರ ದನಿ: "ಇಂದು ನಾನು ಮೂವರು ಧೀರ ಮಹಿಳೆಯರನ್ನು, ಮೂರು ಆರೋಗ್ಯವಂತ ಹಸುಗಳನ್ನು ಕಂಡೆ." ಜನ ಚಪ್ಪಾಳೆ ತಟ್ಟಿದರು. ಡಾಕ್ಟರುಗಳೂ ತಟ್ಟಿದರು. ಚಿಕ್ಕಸ್ವಾಮಿಯೂ ಕೈಯೆತ್ತಿದ.

"ತಟ್ಟಬೇಡ!" ಅಂತ ಕಿರುಚಿದೆ. ಛತ್ರಕ್ಕೆ ಛತ್ರವೇ ನನ್ನ ಕಡೆ ತಿರುಗಿತು. "ಅಲ್ಲಿ ಒಂದು ಜೀವ ಹೋಗ್ತಾ ಇದೆ, ಇಲ್ಲಿ ಹೂವು ಚುಚ್ಚಿಕೊಂಡು ಚಪ್ಪಾಳೆ ತಟ್ತೀಯೇನೋ ಮುಠ್ಠಾಳ! ಇದಕ್ಕೇನೋ ನೀನು ಡಾಕ್ಟರಾಗಿದ್ದು?"

ಚಿಕ್ಕಸ್ವಾಮಿ ರಿಬ್ಬನ್ ಕಿತ್ತು ಜೇಬಿಗೆ ಹಾಕಿಕೊಂಡು ನನ್ನ ಹಿಂದೆ ಬಂದ. ಅವನದೊಂದು ಹಳೆಯ ಸ್ಕೂಟರು ಹೊರಗಿತ್ತು. ಚೀಲವನ್ನು ನಾನು ತೊಡೆಯ ಮೇಲಿಟ್ಟುಕೊಂಡೆ. ಪಾಂಡವಪುರ ದಾಟುವಾಗಲೇ ಸೂರ್ಯ ಮುಳುಗುತ್ತಿದ್ದ. ದಾರಿಯುದ್ದಕ್ಕೂ ಅವನನ್ನು ಬೈದೆ.

ನಾವು ಹೋಗುವಷ್ಟರಲ್ಲಿ ಎಲ್ಲ ಮುಗಿದಿತ್ತು. ಕರು ಹಿಂಗಾಲು ಮುಂದಾಗಿ ಬಂದಿತ್ತಂತೆ. ಕುಳ್ಳಯ್ಯನೂ ಚಲುವಯ್ಯನೂ ಸೇರಿ ಎಳೆದಿದ್ದರು, ಆದರೆ ತಲೆ ಈಚೆಗೆ ಬರುವುದು ತಡವಾಗಿ ಉಸಿರು ಕಟ್ಟಿಹೋಗಿತ್ತು. ಹೆಣ್ಣು ಕರು. ಕಪ್ಪು ಮೈ, ಹಣೆಯ ಮೇಲೆ ತಾಯಿಯಂಥದೇ ಬಿಳಿ ಮಚ್ಚೆ. ಚಿಕ್ಕಸ್ವಾಮಿ ದೊರೆಸಾನಿಗೆ ಇಂಜೆಕ್ಷನ್ ಕೊಟ್ಟು, ತಾಯಿ ಬದುಕುತ್ತಾಳೆ ಅಂದ. ಮಾಯಮ್ಮ ಅವನನ್ನು ನೋಡಿ, "ಇಷ್ಟೊತ್ಗೆ ಬಂದ್ರಾ ಡಾಕ್ಟ್ರೇ" ಅಂದಳು. ಬೈಗುಳವಲ್ಲ, ಬರೀ ಅಷ್ಟೇ ಅಂದಳು. ಚಿಕ್ಕಸ್ವಾಮಿ ಮರದ ಹಿಂದೆ ಹೋಗಿ ನಿಂತುಕೊಂಡ.

ಕರುವನ್ನು ಅಲ್ಲೇ ಹೂಳಲು ಕುಳ್ಳಯ್ಯನಿಗೆ ಹೇಳಿ, ಚಲುವಯ್ಯನ ಲಾರಿಯಲ್ಲಿ ತಾಯಿಯನ್ನು ಊರಿಗೆ ತಂದೆವು.

ಆಮೇಲೆ ಮಾಯಮ್ಮನ ಮನೆಯಲ್ಲಿ ಇನ್ನೊಂದು ಸಂಕಟ ಶುರುವಾಯಿತು. ದೊರೆಸಾನಿ ಹಾಲು ಇಳಿಸಲಿಲ್ಲ. ಕೆಚ್ಚಲು ಬಿಗಿದು ಕಲ್ಲಾಯಿತು. ಮೇವು ಮುಟ್ಟದೆ, ಬಾಗಿಲ ಕಡೆಯೇ ನೋಡುತ್ತಾ ಅಂಬಾ ಅನ್ನುತ್ತಿತ್ತು. ನಮ್ಮ ಕಡೆ ಹೀಗಾದಾಗ ಮಾಡುವ ಒಂದು ಕೆಲಸವಿದೆ. ಸತ್ತ ಕರುವಿನ ಚರ್ಮ ಬಿಡಿಸಿ, ಒಳಗೆ ಹುಲ್ಲು ತುಂಬಿ, ಕೋಲಿನ ಕಾಲು ಕೊಟ್ಟು ತಾಯಿಯ ಮುಂದೆ ನಿಲ್ಲಿಸುತ್ತಾರೆ. ತಾಯಿ ಅದನ್ನು ನೆಕ್ಕುತ್ತಾ ಹಾಲು ಬಿಡುತ್ತದೆ. ಅದನ್ನು ಯಾರೂ ತಪ್ಪು ಅಂದುಕೊಂಡವರಲ್ಲ. ಹಿಂದಿನ ವರ್ಷ ಎಮ್ಮೆಗೆ ಮಾಯಮ್ಮ ತಾನೇ ಮಾಡಿಸಿದ್ದಳು. ಈಗ ಅಕ್ಕಪಕ್ಕದವರು ಅದನ್ನೇ ಹೇಳಿದರೆ ಅವಳು ಒಪ್ಪಲಿಲ್ಲ.

"ಬ್ಯಾಡ. ನನ್ನ ಮೂರ್ ಸೀರೆ ಉಡ್ಸಿ ಮೂರ್ ಊರಲ್ಲಿ ನಿಲ್ಸುದ್ರಲ್ಲ, ಅವತ್ತು ನಾನೂ ಒಳ್ಗೆ ಉಲ್ಲು ತುಂಬ್ಕೊಂಡಂಗೇ ನಿಂತಿದ್ದೆ. ಅದೆಂಗಿರ್ತದೆ ಅಂತ ನಂಗೊತ್ತು. ಮನುಷ್ರು ಮನುಷ್ರಿಗೆ ಏನಾರ ಮಾಡ್ಕಳ್ಳಿ. ಇವ್ಳಿಗೆ ಮಾತ್ರ ಸುಳ್ಳೇಳಾಕಿಲ್ಲ. ಆಲು ಬತ್ತೋದ್ರೆ ಬತ್ತೋಗ್ಲಿ."

ಬಿಸಿನೀರಿನ ಬಟ್ಟೆಯಿಂದ ಕೆಚ್ಚಲಿಗೆ ಶಾಖ ಕೊಡುತ್ತಾ, ಸೆಳೆತ ತಾಳಲಾರದಾಗ ನಾಲ್ಕು ಹನಿ ಹಿಂಡಿ ತೆಗೆಯುತ್ತಾ ಕೊಟ್ಟಿಗೆಯಲ್ಲೇ ಕೂತಿರುತ್ತಿದ್ದಳು. ನಾನು ಶಾಲೆಯಿಂದ ಬರುವಾಗ ಅಲ್ಲಿ ನಿಂತು ಬರುತ್ತಿದ್ದೆ.

ಹಾಗೆ ನಿಂತಿದ್ದಾಗಲೇ ರಘುನಂದನನ ಜೀಪು ಬಂತು. ಅದೇ ಸಫಾರಿ, ಅದೇ ನಗು. ಜೊತೆಗೆ ಕ್ಯಾಮೆರಾ ಹಿಡಿದ ಒಬ್ಬ.

"ಮೇಡಂ ನಿಮ್ಮನ್ನ ತುಂಬಾ ವಿಚಾರಿಸಿದರಮ್ಮ" ಅಂದ ಮಾಯಮ್ಮನಿಗೆ. "ಅವರ ಸಂಸತ್ತಿಗೆ ತೋರಿಸೋಕೆ ಹಾಲು ಕರೆಯೋ ಫೋಟೋ ಒಂದು ಬೇಕಂತೆ. ಹಸು ಹಾಲು ಬಿಡ್ತಿಲ್ಲ ಅಂತ ಕೇಳಿದೆ. ಅದಕ್ಕೆ ನಾನೇ ಒಂದು ವ್ಯವಸ್ಥೆ ಮಾಡಿಸಿಕೊಂಡು ಬಂದಿದ್ದೀನಿ."

ಜೀಪಿನ ಹಿಂಬಾಗಿಲು ತೆಗೆದ. ಕೆಳಗಿಳಿಸಿದ್ದು ಕರು. ಕಪ್ಪು ಮೈ, ಹಣೆಯ ಮೇಲೆ ಬಿಳಿ ಮಚ್ಚೆ, ಕೋಲಿನ ಕಾಲು. ಹೊಟ್ಟೆಯ ಹೊಲಿಗೆಯಿಂದ ಹುಲ್ಲು ಇಣುಕುತ್ತಿತ್ತು. ದೇವಲಾಪುರದಲ್ಲಿ ನಾವು ಬೆನ್ನು ತಿರುಗಿಸಿದ ಮೇಲೆ ಇವನ ಜನ ಕುಳ್ಳಯ್ಯನ ಕೈಯಿಂದ ಕರುವನ್ನು ಇಸಿದುಕೊಂಡು, ಹಾಲಿನ ಫೋಟೋಕ್ಕೆ ಬೇಕಾದೀತು ಅಂತ ಆಗಲೇ ಚರ್ಮ ಬಿಡಿಸಿದ್ದರಂತೆ.

ಮಾಯಮ್ಮ ಶಾಖದ ಬಟ್ಟೆ ಬಿಟ್ಟು ಎದ್ದು ನಿಂತಳು.

"ತೆಗೀರಿ ಅದನ್ನ, ತೆಗೀರಿ! ಬೋಳಿಮಗನೇ, ಜೀಪಿಗೆ ಹಾಕೋ ಅದನ್ನ!" ಅಂತ ನಾನು ಕಿರುಚಿದೆ. ನನ್ನ ಬಾಯಲ್ಲಿ ಆ ಮಾತು ಬಂದದ್ದು ಅದೇ ಮೊದಲು, ಅದೇ ಕೊನೆ.

ತಡವಾಗಿತ್ತು. ಗಾಳಿ ಕೊಟ್ಟಿಗೆಯ ಕಡೆಗೇ ಬೀಸುತ್ತಿತ್ತು. ದೊರೆಸಾನಿ ಒಮ್ಮೆ ಮೂಗು ಎತ್ತಿದಳು. ಗೂಟ ಸಮೇತ ಕಿತ್ತುಕೊಂಡು ಅಂಗಳಕ್ಕೆ ಓಡಿ ಬಂದಳು. ಆ ಬೊಂಬೆಯನ್ನು ಮೂಸಿದಳು, ಮತ್ತೆ ಮೂಸಿದಳು. ಗಂಟಲೊಳಗಿಂದಲೇ ಮೆಲ್ಲಗೆ ಕರೆದು ನೆಕ್ಕಲು ಶುರುಮಾಡಿದಳು. ಯಾರೂ ಕೈಯಿಡದೆಯೇ ನಾಲ್ಕು ಮೊಲೆಯಿಂದಲೂ ಹಾಲು ನೆಲಕ್ಕೆ ಸುರಿಯಿತು.

"ಚೊಂಬು, ಚೊಂಬು! ಯಾರಾದರೂ ಚೊಂಬು ತನ್ನಿ! ಬಾಮ್ಮ, ಕೂತ್ಕೋ, ಕರೆಯೋ ಥರ ಕೂತ್ಕೋ" ಅಂತ ರಘುನಂದನ್ ಕುಣಿದಾಡಿದ. ಕ್ಯಾಮೆರಾದವನು ಮಂಡಿಯೂರಿದ.

ಮಾಯಮ್ಮ ಹೋಗಿ ಸಗಣಿಯ ಮಂಕರಿ ಎತ್ತಿಕೊಂಡು ಬಂದಳು. ಹಸಿ ಸಗಣಿಯನ್ನು ಮೊದಲು ಕ್ಯಾಮೆರಾದ ಮೇಲೆ ಸುರಿದಳು, ಮಿಕ್ಕದ್ದನ್ನು ಆ ಸಫಾರಿಯ ಮೇಲೆ. ಬೋರಯ್ಯ ಬಾರುಕೋಲು ಹಿಡಿದು ಹಿತ್ತಿಲಿನಿಂದ ಬಂದ. ಜೀಪು ಬಂದದ್ದಕ್ಕಿಂತ ಜೋರಾಗಿ ಹೋಯಿತು. ಅದನ್ನು ನೆನೆದರೆ ನನಗೆ ಈಗಲೂ ಹೊಟ್ಟೆ ತಣ್ಣಗಾಗುತ್ತದೆ, ಆದರೆ ಒಂದೇ ಗಳಿಗೆ.

ಯಾಕೆಂದರೆ ಬೊಂಬೆಯನ್ನು ಹಸುವಿನ ಮುಂದಿನಿಂದ ಎತ್ತುವ ಧೈರ್ಯ ನಮ್ಮ ಮೂವರಲ್ಲಿ ಯಾರಿಗೂ ಬರಲಿಲ್ಲ. ಬೋರಯ್ಯ ಒಂದು ಸಲ ಕೈ ಚಾಚಿದ, ದೊರೆಸಾನಿ ತಲೆ ಅಡ್ಡ ಹಿಡಿದಳು. ಮಾಯಮ್ಮ ಅಂಗಳದಲ್ಲೇ ಕುಸಿದು ಕೂತಳು. ಕರು ಸತ್ತ ದಿನವೂ ಅಷ್ಟು ಅತ್ತಿರಲಿಲ್ಲ ಅವಳು.

"ಇವ್ಳಿಗೂ ಮೋಸ ಮಾಡ್ಬುಟ್ರಲ್ಲಾ ಮೇಷ್ಟ್ರೇ" ಅಂದಳು. "ನೋಡಿ, ನಂಬ್ಬುಟ್ಲು."

ಹಾಲು ಹರಿದು ಅಂಗಳದ ಮಣ್ಣು ಕೆಸರಾಯಿತು. ದೊರೆಸಾನಿ ನೆಕ್ಕುತ್ತಲೇ ಇದ್ದಳು.